ಸಾವಿನ ಸೀನಿಗೆ ಸೋಬಾನೆ

ಮೊನ್ನೆ ಹಲಗೂರಿನ ಹತ್ತಿರದ ಹಳ್ಳಿಯೊಂದರಲ್ಲಿ ಮದುವೆ ಮುಗಿಸಿಕೊಂಡು ಮಂಡ್ಯಕ್ಕೆ ವಾಪಸ್ಸು ಬರುತ್ತಿದ್ದೆ. ಮಳವಳ್ಳಿ ದಾಟಿ ಮದ್ದೂರಿನ ರಸ್ತೆಗೆ ಬಿದ್ದ ಮೇಲೆ ಡ್ರೈವರು ಎ.ಸಿ. ಆರಿಸಿ ಕಿಟಕಿ ಇಳಿಸಿದ. ಇಳಿಸಿದ್ದೇ ತಡ, ಆಲೆಮನೆಯ ವಾಸನೆ ಒಳಗೆ ನುಗ್ಗಿತು. ಕೊಪ್ಪರಿಗೆಯಲ್ಲಿ ಕುದಿಯುವ ಕಬ್ಬಿನ ಹಾಲು, ಒಲೆಯಲ್ಲಿ ಉರಿಯುವ ಕಬ್ಬಿನ ಸಿಪ್ಪೆ, ಎರಡೂ ಸೇರಿದ ಸುಟ್ಟ ಸಿಹಿ. ಬೇರೆಯವರಿಗೆ ಬಾಯಲ್ಲಿ ನೀರು ಬರುತ್ತದೆ. ನನಗೆ ಸಿಟ್ಟು ಬರುತ್ತದೆ. ಡಾಕ್ಟರು ಬಿ.ಪಿ. ನೋಡಿ "ಡೋಂಟ್ ಗೆಟ್ ವರ್ಕ್ಡ್ ಅಪ್, ಮ್ಯಾಮ್" ಅನ್ನುತ್ತಾನೆ. ಪಾಪ, ಹುಡುಗ. ನನ್ನ ಮಂಡಿ ಹೋಗಿದೆ, ಹಲ್ಲು ಹೋಗಿದೆ, ಕಿವಿ ಮಾತ್ರ ಇನ್ನೂ ಚೆನ್ನಾಗಿದೆ. ಕಿವಿ ಇರುವವರೆಗೆ ಸಿಟ್ಟೂ ಇರುತ್ತದೆ.

ಮದುವೆಯ ವಿಷಯ ಕೊನೆಗೆ ಹೇಳುತ್ತೇನೆ. ಮೊದಲು ಎರಡು ವರ್ಷದ ಹಿಂದಿನ ಆ ಕಬ್ಬು ಅರೆಯುವ ಕಾಲದ್ದು ಹೇಳಬೇಕು.

ನಾನು ಡಾಕ್ಯುಮೆಂಟರಿ ಸಿನಿಮಾಗಳಿಗೆ ಮ್ಯೂಸಿಕ್ ಮಾಡುತ್ತಿದ್ದವಳು. ಮೈಸೂರಿನ ಕಾನ್ವೆಂಟಿನಲ್ಲಿ ಸಿಸ್ಟರ್ ಬರ್ನಡೆಟ್ ಪಿಯಾನೋ ಕಲಿಸಿದರು, ಮನೆಯಲ್ಲಿ ಅಮ್ಮ ವೀಣೆ ಕಲಿಸಿದಳು, ಮಂಡ್ಯದ ಸ್ಕೂಲಿನಲ್ಲಿ ಮ್ಯೂಸಿಕ್ ಟೀಚರಾಗಿ ರಿಟೈರ್ ಆದೆ. ನಡುನಡುವೆ ಯಾರಾದರೂ ಬಂದು ಕೇಳಿದರೆ ಪಂಪ್‌ಸೆಟ್ಟಿನ ಮೇಲಿನ ಸಿನಿಮಾ, ರೇಷ್ಮೆ ಹುಳುವಿನ ಸಿನಿಮಾ, ಕಣ್ಣಿನ ಆಪರೇಷನ್ ಕ್ಯಾಂಪಿನ ಸಿನಿಮಾ, ಎಲ್ಲದಕ್ಕೂ ಮಾಡಿಕೊಟ್ಟಿದ್ದೇನೆ. ಇಂಥ ಮ್ಯೂಸಿಕ್ಕನ್ನು ಯಾರೂ ಕೇಳಿಸಿಕೊಳ್ಳುವುದಿಲ್ಲ. ಕೇಳಿಸಿಕೊಳ್ಳಲೂ ಬಾರದು. "ಮ್ಯೂಸಿಕ್ ಮಸ್ಟ್ ನಾಕ್ ಬಿಫೋರ್ ಇಟ್ ಎಂಟರ್ಸ್, ಚೈಲ್ಡ್" ಅನ್ನುತ್ತಿದ್ದರು ಸಿಸ್ಟರ್. ಬಾಗಿಲು ತಟ್ಟಿ ಒಳಗೆ ಬರಬೇಕು. ಈಗಿನ ಡೈರೆಕ್ಟರುಗಳಿಗೆ ಬಾಗಿಲು ಒದ್ದೇ ಅಭ್ಯಾಸ. ಗದ್ದೆ ಕಂಡರೆ ಕೊಳಲು. ಮುದುಕಿ ಕಂಡರೆ ಸಾರಂಗಿ. ಒಬ್ಬ ಬಡವ ತನ್ನ ಪಾಡಿಗೆ ತಾನು ಬೀಡಿ ಸೇದುತ್ತಾ ಕೂತಿದ್ದರೆ ಅವನ ಬೆನ್ನ ಹಿಂದೆ ನಾಲ್ಕು ವಯೊಲಿನ್ ಅಳಬೇಕು. ಅವನಿಗೆ ಅಳು ಬಂದಿದೆಯೇ ಎಂದು ಒಬ್ಬರಾದರೂ ಕೇಳಿದ್ದಾರೆಯೇ?

ಆದಿತ್ಯ ಹಾಗಲ್ಲ ಅಂದುಕೊಂಡಿದ್ದೆ. ಅವನ ತಾಯಿ ವಿಮಲಾ ನನ್ನ ಸ್ಟೂಡೆಂಟು, ಆದ್ದರಿಂದ ನಾನು ಅವನಿಗೆ ಆಂಟಿ. ಬೆಂಗಳೂರಿನಿಂದ ಬಂದು, ನಾನು ಮಾಡಿದ ಬ್ರೆಡ್ ಪುಡ್ಡಿಂಗನ್ನು ಎರಡು ಸಲ ಹಾಕಿಸಿಕೊಂಡು ತಿಂದು, ಆಲೆಮನೆಗಳ ಮೇಲೆ ಸಿನಿಮಾ ಮಾಡುತ್ತಿದ್ದೇನೆ, ಮ್ಯೂಸಿಕ್ ನೀವೇ ಮಾಡಬೇಕು ಎಂದ. "ಇಟ್ಸ್ ಎ ಡೈಯಿಂಗ್ ವರ್ಲ್ಡ್, ಆಂಟಿ. ಮ್ಯೂಸಿಕ್ ಶುಡ್ ಮೌರ್ನ್."

ನಾನು ಮೊದಲು ಜಾಗ ಕೇಳಿಸಿಕೊಳ್ಳದೆ ಒಂದು ಸ್ವರವನ್ನೂ ಬರೆಯುವವಳಲ್ಲ. ಹೆಡ್‌ಫೋನು, ರೆಕಾರ್ಡರು ಹಿಡಿದುಕೊಂಡು ಅವನ ಜೊತೆ ಹಲಗೂರಿನ ಕಡೆಯ ಆ ಹಳ್ಳಿಗೆ ಹೋದೆ. ಊರಿನ ಹೆಸರು ಹೇಳುವುದಿಲ್ಲ. ಆ ಊರನ್ನು ಜಗತ್ತಿಗೆ ತೋರಿಸಿದ್ದು ಸಾಕು.

ಅಲ್ಲಿ ಆಲೆಮನೆ ನಡೆಸುತ್ತಿದ್ದವರು ಸಿದ್ದೇಗೌಡರು. ಎಪ್ಪತ್ತು ದಾಟಿದ ಮನುಷ್ಯ, ಹೆಗಲ ಮೇಲೆ ಟವೆಲು, ಬಾಯ ತುಂಬ ಎಲೆಅಡಿಕೆ. ಗಾಣದ ಗದ್ದಲದ ನಡುವೆಯೂ ಕೇಳುವ ದೊಡ್ಡ ಗಂಟಲು. ಆದಿತ್ಯ ಕ್ಯಾಮೆರಾ ಇಟ್ಟು, "ತಾತ, ಈ ಆಲೆಮನೆ ಸಾಯ್ತಾ ಇದೆಯಲ್ಲ, ನಿಮಗೆ ಏನನ್ನಿಸುತ್ತೆ?" ಎಂದು ಕೇಳಿದ.

ಸಿದ್ದೇಗೌಡರು ಕೊಪ್ಪರಿಗೆ ಕಡೆ ನೋಡಿದರು, ನನ್ನ ಕಡೆ ನೋಡಿದರು. "ಸಾಯ್ತಾ ಇರದ್ಯಾರ್ಲಾ ಮಗ? ನಾನಾ, ಆಲೆಮನೆನಾ? ಮೂರ್ ಕೊಪ್ಪರಿಗೆ ಆಲು ಕುದೀತಾ ಅದೆ, ಕಣ್ ಕಾಣಾಕಿಲ್ವಾ ನಿಂಗೆ?"

ಸುತ್ತ ಇದ್ದವರೆಲ್ಲ ನಕ್ಕರು. ನಾನೂ ನಕ್ಕೆ. ಆದಿತ್ಯ ನಗಲಿಲ್ಲ. "ಅದು ಕಟ್ ಮಾಡಬಹುದು" ಅಂದ, ಕ್ಯಾಮೆರಾದವನಿಗೆ. ನನ್ನ ಸಿಟ್ಟು ಅಲ್ಲೇ ಶುರುವಾಗಬೇಕಿತ್ತು. ಆಗಲಿಲ್ಲ. ಆ ವಾಸನೆಯಲ್ಲಿ ನನಗೆ ಅಮ್ಮನ ಅಡುಗೆಮನೆ ನೆನಪಾಗಿ, ಮೂಗಿಗೆ ಬಿಸಿ ಹಬೆ ತಾಗಿಸಿಕೊಂಡು ಸುಮ್ಮನೆ ನಿಂತುಬಿಟ್ಟಿದ್ದೆ.

ಊರಿನಲ್ಲಿ ಸೋಬಾನೆ ಹೇಳುವವಳು ಚಿಕ್ಕತಾಯಮ್ಮ. ಮದುವೆ ಮನೆಯಲ್ಲಿ ಅರಿಶಿನ ಕುಟ್ಟುವಾಗಿನಿಂದ ಹೆಣ್ಣನ್ನು ಒಪ್ಪಿಸುವವರೆಗೆ ಮೊದಲ ಸೊಲ್ಲು ಅವಳದು, ಉಳಿದ ಹೆಂಗಸರು ಅವಳ ಹಿಂದೆ. ಯಾರ ಮನೆಯಲ್ಲಿ ಮದುವೆಯೋ ಅವರು ಕುಂಕುಮ, ಎಲೆಅಡಿಕೆ ತಂದು ಅವಳ ಬಾಗಿಲಲ್ಲಿ ನಿಂತು ಕರೆಯಬೇಕು. ಹಾಗೆ ಕರೆಸಿಕೊಳ್ಳುವುದೇ ಅವಳ ಆಸ್ತಿ. ಗಂಡ ಕಾಳೇಗೌಡ ಜಗಲಿಯ ಮೇಲೆ ಕೂತು, "ನಮ್ಮನೆಗೆ ಬರೋ ಕುಂಕುಮದಾಗೆ ಒಂದ್ ಗ್ವಾಡೆ ಬಳೀಬಹುದು" ಎಂದು ಕೊಚ್ಚಿಕೊಳ್ಳುತ್ತಿದ್ದ.

ನಾನು ಹೋಗಿ, ಒಂದು ಹಾಡು ಹೇಳಮ್ಮ, ರೆಕಾರ್ಡ್ ಮಾಡಿಕೊಳ್ಳುತ್ತೇನೆ ಎಂದೆ. ಅವಳು ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

"ಮದ್ವೆ ಇಲ್ದೆ ಸೋಬಾನೆ ಏಳಾಕಾಯ್ತದಾ ಅಮ್ಮೋರೆ? ಯಾರ್ ಮದ್ವೆ? ನಿಮ್ದಾ?"

"ನನಗೆ ಯಾರೂ ಸಿಗಲಿಲ್ಲ ಕಣಮ್ಮ" ಎಂದೆ.

"ಇನ್ನೂ ಒಸಿ ದಿನ ನೋಡಿ, ಸಿಕ್ತಾನೆ. ನಮ್ ಕಾಳೇಗೌಡನ್ನೇ ಬೇಕಾರೆ ಒಡ್ಕೊಂಡ್ ಓಗಿ, ಬ್ಯಾಡ ಅನ್ನಾಕಿಲ್ಲ" ಎಂದಳು. ಅಷ್ಟು ನಗಿಸಿದರೂ ಹಾಡು ಮಾತ್ರ ಹೇಳಲಿಲ್ಲ. ಹಸಿ ಚಪ್ಪರವಿಲ್ಲದೆ, ದೀಪವಿಲ್ಲದೆ, ಸುಮ್ಮಸುಮ್ಮನೆ ಸೋಬಾನೆ ಬಾಯಿಗೆ ತರಬಾರದಂತೆ. ಐ ಥಾಟ್, ಹೌ ರೈಟ್. ಹಾಡಿಗೂ ಒಂದು ಮನೆ ಬೇಡವೇ?

ಮನೆ ಸಿಕ್ಕಿತು. ಆ ಕಬ್ಬಿನ ಕಾಲದ ಆರಂಭದಲ್ಲೇ ಸಿದ್ದೇಗೌಡರ ದೊಡ್ಡ ಮೊಮ್ಮಗಳು ಪವಿತ್ರಾಳ ಮದುವೆ. ಮುಹೂರ್ತವೆಲ್ಲ ಮಳವಳ್ಳಿಯ ಕಲ್ಯಾಣ ಮಂಟಪದಲ್ಲಿ ಮುಗಿಸಿ, ಹೆಣ್ಣೊಪ್ಪಿಸುವ ಶಾಸ್ತ್ರವನ್ನು ಮನೆಯ ಚಪ್ಪರದಲ್ಲೇ ಮಾಡಿದರು. ನಾನು ರೆಕಾರ್ಡರು ಹಿಡಿದು ಹೆಂಗಸರ ನಡುವೆ ಕೂತೆ. ಅದುವರೆಗೆ ಬೀಗರನ್ನು ಗೇಲಿ ಮಾಡುವ ಹಾಡುಗಳಲ್ಲಿ ಚಪ್ಪರ ಹಾರಿಸಿದ್ದ ಚಿಕ್ಕತಾಯಮ್ಮ, ಹುಡುಗಿಯ ಕೈಯನ್ನು ಅವಳ ಅತ್ತೆಯ ಕೈಯಲ್ಲಿಟ್ಟು ಹಾಲು ಬಿಡುವಾಗ ಬೇರೆಯೇ ಹಾಡು ಎತ್ತಿದಳು. ಅಷ್ಟು ನಿಧಾನದ ಹಾಡನ್ನು ನಾನು ಕೇಳಿಲ್ಲ. ಒಂದು ಸಾಲು ಮುಗಿಯಿತು ಅಂದುಕೊಂಡರೆ ಮುಗಿಯುವುದಿಲ್ಲ, ಇನ್ನೊಂದು ಎಳೆ ಎಳೆಯುತ್ತಾಳೆ. ಹೊರಗೆ ಗಂಡಿನ ಕಡೆಯವರು ಕಾರಿನ ಹಾರ್ನ್ ಒತ್ತುತ್ತಿದ್ದರು. ಸಿದ್ದೇಗೌಡರು ಆ ದೊಡ್ಡ ಗಂಟಲಿನಲ್ಲಿ, "ಇನ್ನೊಂದ್ ನುಡಿ ಏಳು ಚಿಕ್ತಾಯಿ, ಕಾರೇನು ಓಡೋಗಾಕಿಲ್ಲ" ಎಂದು ಕೂಗಿದರು. ಎಲ್ಲರೂ ನಕ್ಕರು. ಅವಳು ಇನ್ನೊಂದು ನುಡಿ ಹೇಳಿದಳು.

ಆಮೇಲೆ ಊಟದ ಎಲೆಯ ಮುಂದೆ ಕೂತಾಗ, ಅದು ಯಾಕೆ ಅಷ್ಟು ನಿಧಾನ ಎಂದು ಕೇಳಿದೆ.

"ಅಳು ಅಲ್ಲ ಕಣಮ್ಮ ಅದು" ಎಂದಳು ಚಿಕ್ಕತಾಯಮ್ಮ, ಅನ್ನ ಕಲಸುತ್ತಾ. "ಆಡು ಮುಗಿಯಾಗಂಟ ಎಣ್ಣು ಒಸ್ಲು ದಾಟಂಗಿಲ್ಲ. ಬ್ಯಾಗ ಬ್ಯಾಗ ಏಳುದ್ರೆ ಬ್ಯಾಗ ಓಯ್ತಾಳೆ. ಒಂಚೂರು ಒತ್ತು ನಮ್ ಜೊತೇಲೇ ಇರ್ಲಿ ಅಂತ ಎಳೀತೀವಿ."

ಆ ಹಾಡನ್ನು ಮದುವೆಯ ಸೀನಿಗೆ ಎಂದೇ ಎಡಿಟರಿಗೆ ಕಳಿಸಿದೆ. ಅದರ ಹಿಂದೆ ನನ್ನ ಮ್ಯೂಸಿಕ್ ಏನೂ ಬೇಡ, ಹಾಗೆಯೇ ಇರಲಿ, ಹಾರ್ನು, ನಗು ಎಲ್ಲ ಸೇರಿ, ಎಂದು ಫೋನಿನಲ್ಲಿ ಹೇಳಿದೆ. ಆದಿತ್ಯನಿಗೂ ಹೇಳಿದೆ.

ಕಬ್ಬಿನ ಕಾಲ ಮುಗಿಯುವ ಹೊತ್ತಿಗೆ ಸಿದ್ದೇಗೌಡರು ತೀರಿಕೊಂಡರು. ಆಲೆಮನೆಯ ಮುಂದೆ ಹಗ್ಗದ ಮಂಚದ ಮೇಲೆ ಕೂತಿದ್ದವರು ಹಾಗೆಯೇ ಒರಗಿದರಂತೆ. ಸೊಸೆ ಸರೋಜಮ್ಮ, ಪವಿತ್ರಾಳ ತಾಯಿ, ಗಟ್ಟಿ ಹೆಂಗಸು. ಮಾವನಿಗೆ ಸಿನಿಮಾದವರನ್ನು ಕಂಡರೆ ಇಷ್ಟವಿತ್ತು ಎಂದು, ಕ್ಯಾಮೆರಾದವರು ಬಂದಾಗ ಬೇಡ ಅನ್ನಲಿಲ್ಲ. ಹೆಣ ಎತ್ತುವುದು, ತಮಟೆ, ಹೊಲದ ದಾರಿ, ಎಲ್ಲ ತೆಗೆದುಕೊಂಡರು. ನಾನು ಆದಿತ್ಯನಿಗೆ ಹೇಳಿದೆ: ಇಲ್ಲಿ ಮ್ಯೂಸಿಕ್ ಬೇಡ. ತಮಟೆ ಸಾಕು. ಆಮೇಲೆ ಅವರ ಮಗ ಬಂದು ಆಲೆಮನೆಯ ಒಲೆಗೆ ಮತ್ತೆ ಬೆಂಕಿ ಹಚ್ಚುವ ಶಾಟಿಗೆ ನಾನು ಮಾಡುತ್ತೇನೆ. ಅದಕ್ಕೆ ಪಿಯಾನೋದ ಕೆಳಗಿನ ಸ್ವರ ಒಂದೆರಡು, ಜೊತೆಗೆ ಅಮ್ಮನ ವೀಣೆಯ ತಾಳದ ತಂತಿ. ಅಷ್ಟೇ. ಎರಡು ವಾರ ಅದರ ಮೇಲೆ ಕೂತಿದ್ದೆ. ಈ ವಯಸ್ಸಿನಲ್ಲಿ, ಇದೇ ಕೊನೆಯದು ಅಂದುಕೊಂಡು, ಪ್ರೀತಿಯಿಂದ ಮಾಡಿದೆ.

ಬೆಂಗಳೂರಿನ ಎಡಿಟಿಂಗ್ ರೂಮಿಗೆ ಹೋಗಿ ಕೂತಾಗ ಏನು ನೋಡಿದೆ? ಮದುವೆ ಸೀನೇ ಇಲ್ಲ. "ಟೂ ಹ್ಯಾಪಿ, ಆಂಟಿ. ಫಿಲ್ಮಿನ ಟೋನ್ ಹಾಳಾಗುತ್ತೆ" ಎಂದ ಆದಿತ್ಯ. ಆಮೇಲೆ ಸಾವು ಬಂತು. ತಮಟೆ ಇಲ್ಲ. ಸಿದ್ದೇಗೌಡರ ಮುಖದ ಮೇಲೆ ಕ್ಯಾಮೆರಾ ನಿಧಾನಕ್ಕೆ ಸರಿಯುತ್ತಿದೆ, ಅದರ ಕೆಳಗೆ ಚಿಕ್ಕತಾಯಮ್ಮನ ಹಾಡು. ಮೊಮ್ಮಗಳನ್ನು ಒಪ್ಪಿಸಿದ ಅದೇ ಹಾಡು.

"ವಾಟ್ ಈಸ್ ದಿಸ್?" ಎಂದೆ.

"ಗೂಸ್‌ಬಂಪ್ಸ್ ಅಲ್ವಾ?" ಎಂದ.

"ಆದಿತ್ಯ, ಅದು ಸೋಬಾನೆ. ಮದುವೆಯ ಹಾಡು."

"ಬಟ್ ಇಟ್ ಸೌಂಡ್ಸ್ ಲೈಕ್ ಗ್ರೀಫ್, ಆಂಟಿ. ನೋಡುವವರಿಗೆ ಹೇಗೆ ಗೊತ್ತಾಗುತ್ತೆ?"

ನೋಡುವವರು! ಅವನ ಲೆಕ್ಕದಲ್ಲಿ ನೋಡುವವರು ಎಂದರೆ ಎಲ್ಲೋ ದೂರದ ದೇಶದ ಹಾಲ್‌ನಲ್ಲಿ ಕೂತ ಜನ. ಸಿನಿಮಾದಲ್ಲಿ ಇರುವವರೂ ನೋಡುತ್ತಾರೆ ಎಂಬುದು ಅವನ ತಲೆಗೆ ಬಂದೇ ಇಲ್ಲ. ಎಡಿಟರು ಬೇರೆ ಹೆಮ್ಮೆಯಿಂದ ತಿರುಗಿ, "ಬ್ಯಾಕ್‌ಗ್ರೌಂಡಲ್ಲಿ ಯಾರೋ ಓಲ್ಡ್ ಮ್ಯಾನ್ ಕೂಗಿ ಡಿಸ್ಟರ್ಬ್ ಮಾಡ್ತಿದ್ದ ಮ್ಯಾಮ್, ನೀಟಾಗಿ ಕ್ಲೀನ್ ಮಾಡಿದ್ದೀನಿ" ಎಂದ.

ಪರದೆಯ ಮೇಲೆ ಮಲಗಿದ್ದವರು ಅದೇ ಓಲ್ಡ್ ಮ್ಯಾನ್! ಅವರ ದನಿಯನ್ನು ಕಸವೆಂದು ಗುಡಿಸಿ ಹಾಕಿ, ಅವರು ಕೇಳಿ ಹಾಡಿಸಿಕೊಂಡ ಹಾಡನ್ನು ಅವರ ಹೆಣದ ಮೇಲೆ ಹೊದಿಸಿದ್ದರು. ನಾನು ಏನೇನು ಅಂದೆನೋ. ಕಾನ್ವೆಂಟ್ ಕಲಿಸಿದ ಮ್ಯಾನರ್ಸ್ ಎಲ್ಲ ಹೋಯಿತು. ಆದಿತ್ಯ ಗಾಬರಿಯಾಗಿ ನನಗೆ ನೀರು ಕೊಟ್ಟ. "ಆಂಟಿ, ಇದು ಬರೀ ಟೆಂಪ್. ಫೈನಲ್‌ನಲ್ಲಿ ತೆಗೀತೀನಿ, ಪ್ರಾಮಿಸ್" ಎಂದ. ಟೆಂಪ್ ಅಂದರೆ ಎಡಿಟಿಂಗ್ ಮಾಡುವಾಗ ಸದ್ಯಕ್ಕೆ ಇರಲಿ ಎಂದು ಹಾಕುವ ಮ್ಯೂಸಿಕ್. ಈ ಕಸುಬಿನಲ್ಲಿ ಎಲ್ಲರಿಗೂ ಗೊತ್ತು, ಅದನ್ನು ಕೇಳಿ ಕೇಳಿ ಡೈರೆಕ್ಟರಿಗೆ ಅದರ ಮೇಲೇ ಲವ್ ಆಗಿಬಿಡುತ್ತದೆ. ಆದರೂ ವಿಮಲಾಳ ಮಗ ಮಾತು ಕೊಟ್ಟಿದ್ದಾನೆ ಎಂದು ಮಂಡ್ಯಕ್ಕೆ ಬಂದೆ.

ಮಳೆಗಾಲಕ್ಕೆ ಮೊದಲು ಊರಿನ ಸ್ಕೂಲಿನ ಅಂಗಳದಲ್ಲಿ ಬಿಳಿ ಬಟ್ಟೆ ಕಟ್ಟಿ ಸಿನಿಮಾ ತೋರಿಸಿದರು. ಹೊತ್ತು ಮುಳುಗಿತ್ತಷ್ಟೇ. ಮುಂದಿನ ಸಾಲಿನಲ್ಲಿ ಸರೋಜಮ್ಮ, ಅವಳ ಪಕ್ಕ ತವರಿಗೆ ಬಂದಿದ್ದ ಪವಿತ್ರಾ, ಆಮೇಲೆ ಚಿಕ್ಕತಾಯಮ್ಮ, ಪಕ್ಕದಲ್ಲಿ ನಾನು. ತಂತಮ್ಮ ಮುಖ ಕಂಡಾಗಲೆಲ್ಲ ಶಿಳ್ಳೆ, ನಗು. "ನೋಡ್ಲಾ ನಿನ್ನೆಮ್ಮೆ, ನಿಂಗಿಂತ ಚೆಂದಾಗ್ ಕಾಣ್ತದೆ!" ಎಂದು ಯಾರೋ ಯಾರಿಗೋ. ಆಮೇಲೆ ಸಿದ್ದೇಗೌಡರ ಮುಖ ಬಂತು. ಹಾಡು ಬಂತು.

ಪ್ರಾಮಿಸ್!

ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಒಬ್ಬಳು ಕೊರಳ ತಾಳಿ ಹಿಡಿದುಕೊಂಡಳು. ಪವಿತ್ರಾ ಎದ್ದು ನಿಂತಳು. "ಅವ್ವ, ಇದು ನನ್ ಆಡು" ಎಂದಳು, ಮೆಲ್ಲಗೆ. ಸರೋಜಮ್ಮ ಪರದೆ ನೋಡಲಿಲ್ಲ, ಚಿಕ್ಕತಾಯಮ್ಮನನ್ನು ನೋಡಿದಳು.

"ನಮ್ ಮಾವನ್ ಎಣಕ್ಕೆ ನನ್ ಮಗಳ ಸೋಬಾನೆ ಏಳಿದ್ದೀಯಲ್ಲ ಚಿಕ್ತಾಯಕ್ಕ. ಏನ್ ಕೊಟ್ರು ನಿಂಗೆ?"

"ನಾನ್ ಏಳಿಲ್ಲ ಕಣವ್ವ."

"ದನಿ ನಿಂದಲ್ವಾ?"

"ದನಿ ನಂದೇಯ. ನಾನ್ ಏಳಿಲ್ಲ."

ನಾನು ಎದ್ದು "ಸ್ಟಾಪ್ ದಿಸ್! ಸ್ಟಾಪ್ ಇಟ್ ಅಟ್ ಒನ್ಸ್!" ಎಂದು ಕಿರುಚಿದೆ. ಪ್ರೊಜೆಕ್ಟರ್ ನಿಂತಿತು. ಆಮೇಲೆ ಕನ್ನಡದಲ್ಲಿ, ಇದು ಮದುವೆಯಲ್ಲಿ ಹಾಡಿದ್ದು, ಸಿನಿಮಾದವರು ತೆಗೆದು ಇಲ್ಲಿ ಹಾಕಿದ್ದಾರೆ, ಇವಳ ತಪ್ಪಿಲ್ಲ ಎಂದು ಹೇಳಿದೆ. ಯಾರು ಕೇಳುತ್ತಾರೆ? ಹೆಣದ ಮುಂದೆ ಅವಳ ದನಿಯನ್ನು ಇಡೀ ಊರು ಕಿವಿಯಾರೆ ಕೇಳಿಯಾಗಿತ್ತು.

ಮುಂದಿನ ಮದುವೆಗಳ ಕಾಲದಲ್ಲಿ ಚಿಕ್ಕತಾಯಮ್ಮನ ಬಾಗಿಲಿಗೆ ಒಬ್ಬರೂ ಕುಂಕುಮ ತರಲಿಲ್ಲ. ಯಾರೂ ಬೈಯಲಿಲ್ಲ, ಜಗಳವಾಡಲಿಲ್ಲ. ಸಾವಿಗೆ ಹೇಳಿದ ಬಾಯಿ, ಮದುವೆಗೆ ಯಾಕೆ ಎಂದು ಅವಳ ಮನೆ ದಾಟಿ ಹೋದರು, ಅಷ್ಟೆ. ಒಬ್ಬರು ಬೆಳಕವಾಡಿಯಿಂದ ಬೇರೆ ಹೆಂಗಸರನ್ನು ಕರೆಸಿದರು. ಇನ್ನೊಬ್ಬರು ಮೈಕಿನಲ್ಲಿ ಸಿನಿಮಾ ಹಾಡು ಹಾಕಿಸಿದರು. ನಾನು ನೋಡಲು ಹೋದಾಗ ಕಾಳೇಗೌಡ, "ಈಗ್ ನಂಗೊಬ್ನಿಗೇ ಏಳ್ತಾಳೆ ಅಮ್ಮೋರೆ. ಸೋಬಾನೆ ಅಲ್ಲ, ಬೈಗ್ಳ" ಎಂದ. ಅವನ ಹೆಂಡತಿ ನಗಲಿಲ್ಲ.

ಆದಿತ್ಯನಿಗೆ ಫೋನ್ ಮಾಡಿದೆ. ಒಂದು ಸಲ ಅಲ್ಲ. "ಮಿಕ್ಸ್ ಲಾಕ್ ಆಗಿದೆ ಆಂಟಿ, ಇನ್ನು ಸೌಂಡ್ ಮುಟ್ಟೋ ಹಾಗಿಲ್ಲ, ಫೆಸ್ಟಿವಲ್‌ಗೆ ಹೋಗಿಬಿಟ್ಟಿದೆ. ಆ ಸೀನಿಗೇ ಜನ ಎದ್ದು ನಿಂತು ಚಪ್ಪಾಳೆ ಹೊಡೀತಾರೆ." ಅವಳ ಬದುಕು ಹಾಳಾಗುತ್ತಿದೆ ಎಂದರೆ, "ಅದು ಫೋಕ್ ಸಾಂಗ್ ಅಲ್ವಾ? ಅದು ಯಾರದ್ದೂ ಅಲ್ಲ" ಎಂದ. ಯಾರದ್ದೂ ಅಲ್ಲವಂತೆ! ಒಬ್ಬ ಮನುಷ್ಯ ಸಹಿ ಹಾಕಿ ನನ್ನದು ಅನ್ನದೇ ಹೋದರೆ ಇವರ ಕಣ್ಣಿಗೆ ಎಲ್ಲವೂ ಬೀದಿಯಲ್ಲಿ ಬಿದ್ದದ್ದೇ. ಅವನ ತಾಯಿಗೂ ಮಾಡಿದೆ. ವಿಮಲಾ, ನಾನು ಬೆರಳು ಹಿಡಿದು ಸ್ಕೇಲ್ಸ್ ಕಲಿಸಿದ ಹುಡುಗಿ, "ಮಿಸ್, ಅವನಿಗೆ ಈಗ ತಾನೇ ಒಳ್ಳೆ ಹೆಸರು ಬರ್ತಾ ಇದೆ" ಎಂದಳು. ಹಾಗಾದರೆ ನನ್ನ ಹೆಸರು ತೆಗೆ ಎಂದು ಅವನಿಗೆ ಹೇಳಿದೆ. ನನ್ನ ಮ್ಯೂಸಿಕ್ಕನ್ನೂ ತೆಗೆ ಎಂದೆ. ಅದಕ್ಕೆ ಲಾಕ್ ಅಡ್ಡ ಬರಲಿಲ್ಲ! ನನ್ನ ಹೆಸರು ಹೋಯಿತು, ಅಮ್ಮನ ವೀಣೆಯ ತಂತಿ ಹೋಯಿತು, ಅಲ್ಲಿಗೆ ಎಲ್ಲಿಂದಲೋ ತಂದ ಒಂದು ಕೊಳಲು ಬಂತು. ಚಿಕ್ಕತಾಯಮ್ಮ ಮಾತ್ರ ಅಲ್ಲೇ ಉಳಿದಳು.

ಕೊನೆಗೆ ನಾನೇ ರೆಕಾರ್ಡರು ತೆಗೆದುಕೊಂಡು ಸರೋಜಮ್ಮನ ಮನೆಗೆ ಹೋದೆ. ಚಿಕ್ಕತಾಯಮ್ಮ ಬರುವುದಿಲ್ಲ ಎಂದಳು. ಕೈ ಹಿಡಿದು ಎಳೆದುಕೊಂಡೇ ಹೋದೆ. ಸರೋಜಮ್ಮ ನನಗೆ ಚೇರು ಹಾಕಿದಳು, ಅವಳಿಗೆ ಕೂತ್ಕೋ ಎನ್ನಲಿಲ್ಲ. ಮದುವೆಯ ದಿನದ ರೆಕಾರ್ಡಿಂಗನ್ನು, ಯಾರೂ ಕ್ಲೀನ್ ಮಾಡದ್ದನ್ನು, ಹಾಕಿದೆ. ಬಳೆ ಸದ್ದು, ಮಗುವಿನ ಅಳು, ಹಾರ್ನು, ಹಾಡು. ಆಮೇಲೆ ಆ ಗಂಟಲು.

"ಇನ್ನೊಂದ್ ನುಡಿ ಏಳು ಚಿಕ್ತಾಯಿ, ಕಾರೇನು ಓಡೋಗಾಕಿಲ್ಲ."

ಸರೋಜಮ್ಮ ಕೈಯಲ್ಲಿದ್ದ ಮೊರ ಕೆಳಗಿಟ್ಟಳು. "ಇನ್ನೊಂದ್ ಸಲ ಆಕಿ" ಎಂದಳು. ಹಾಕಿದೆ. ಅವಳು ಎದ್ದು ಒಳಗೆ ಹೋದಳು. ಬಹಳ ಹೊತ್ತು ಬರಲಿಲ್ಲ. ಬಂದಾಗ ಕೈಯಲ್ಲಿ ಮೂರು ಲೋಟ ಕಾಫಿ ಇತ್ತು.

"ಕೂತ್ಕೊ ಚಿಕ್ತಾಯಕ್ಕ" ಎಂದಳು. "ನಮ್ ಚಿಕ್ಕೋಳು ಸುಚಿತ್ರನ್ ಮದ್ವೆಗೆ ನೀನೇ ಬರ್ಬೇಕು. ಯಾವನ್ ಏನಂತಾನೋ ನೋಡ್ತೀನಿ."

ನಾನು ಗೆದ್ದೆ ಅಂದುಕೊಂಡು ಮಂಡ್ಯಕ್ಕೆ ಬಂದೆ. ಓಲ್ಡ್ ಫೂಲ್.

ಅಷ್ಟರಲ್ಲಿ ಸಿನಿಮಾದ ಆ ತುಂಡು ಫೋನುಗಳಿಗೆ ಇಳಿದಿತ್ತು. ಯಾರೋ ಕತ್ತರಿಸಿ ಹಾಕಿದರು, ಇನ್ನಾರೋ ಹಂಚಿದರು. ಈಗ ಮದ್ದೂರಿನಲ್ಲಿ, ಮಳವಳ್ಳಿಯಲ್ಲಿ, ಮಂಡ್ಯದಲ್ಲಿ, ಯಾರು ಸತ್ತರೂ ಅವರ ಫೋಟೋಕ್ಕೆ ಹಾರ ಹಾಕಿ ಸ್ಟೇಟಸ್ ಇಡುವಾಗ ಕೆಳಗೆ ಇದೇ ಹಾಡು. ಸಿನಿಮಾ ನೋಡದವರಿಗೂ ಅದು ಸಾವಿನ ಹಾಡೇ. ಚಿಕ್ಕತಾಯಮ್ಮನೇ ಹೇಳಿದಳು: "ಬೆಸಗರಳ್ಳೀಲಿ ನಮ್ ಭಾವ ತೀರ್ಕಂಡ್ರು ಅಂತ ಓಗಿದ್ದೆ ಅಮ್ಮೋರೆ. ಅವ್ರ ಮೊಮ್ಮಗ ಫೋನ್ ತೋರುಸ್ದ. ನನ್ ದನಿಯೇ ಅಳ್ತಾ ಕುಂತದೆ. ನನ್ ದನಿ ಅಂತ ಆ ಮಗೀಗೂ ಗೊತ್ತಿಲ್ಲ."

ಮೊನ್ನೆಯ ಮದುವೆ ಸುಚಿತ್ರಾಳದು, ಪವಿತ್ರಾಳ ತಂಗಿ. ಸರೋಜಮ್ಮ ಹೇಳಿದಂತೆಯೇ ಮಾಡಿದಳು. ಊರೆಲ್ಲ ನೋಡುವ ಹಾಗೆ ಹಾಡುಹಗಲಿನಲ್ಲಿ ಕುಂಕುಮ ತೆಗೆದುಕೊಂಡು ಹೋಗಿ ಚಿಕ್ಕತಾಯಮ್ಮನನ್ನು ಕರೆದಳು. ಅವಳು ಬಂದಳು. ಅರಿಶಿನದ ಹಾಡು ಹೇಳಿದಳು. ಬೀಗಿತ್ತಿಯ ಮೂಗನ್ನು ಹಾಡಿನಲ್ಲಿ ಎಷ್ಟು ಉದ್ದ ಎಳೆದಳೆಂದರೆ ಬೀಗಿತ್ತಿಯೇ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಹಿಂದೆ ದನಿಗೂಡಿಸಲು ಮೊದಮೊದಲು ಹಿಂದೆಮುಂದೆ ನೋಡಿದ ಹೆಂಗಸರೂ ಸೇರಿಕೊಂಡರು. ಸೀ, ಎಲ್ಲ ಸರಿಹೋಯಿತು ಎಂದು ನಾನು ಕಣ್ಣು ಒರೆಸಿಕೊಂಡೆ.

ಆಮೇಲೆ ಹೆಣ್ಣೊಪ್ಪಿಸುವ ಹೊತ್ತು. ಹುಡುಗಿಯ ಕೈ ಅತ್ತೆಯ ಕೈಯಲ್ಲಿ. ಹಾಲು ಬಿಟ್ಟರು. ಎಲ್ಲರೂ ಚಿಕ್ಕತಾಯಮ್ಮನ ಕಡೆ ನೋಡಿದರು. ಅವಳು ನೆಲ ನೋಡುತ್ತಿದ್ದಳು.

"ಆಡು ಏಳಕ್ಕ" ಎಂದಳು ಸರೋಜಮ್ಮ.

"ಬ್ಯಾಡ ಕಣವ್ವ. ಅದು ಈಗ ಸಾವಿನ್ ಮನೇದು. ಎಣ್ಣು ಒಳ್ಳೇದಾಗಿ ಓಗ್ಲಿ."

ಸರೋಜಮ್ಮ ಬಾಯಿ ತೆರೆದಳು. ಮಗಳ ಮುಖ ನೋಡಿದಳು. ಮತ್ತೆ ಕೇಳಲಿಲ್ಲ. ಯಾರೂ ಕೇಳಲಿಲ್ಲ. ಅಲ್ಲಿದ್ದ ಪ್ರತಿಯೊಬ್ಬರ ಫೋನಿನಲ್ಲೂ ಆ ಹಾಡು ಯಾರೋ ಸತ್ತವರ ಫೋಟೋದ ಕೆಳಗೆ ಇತ್ತು.

ಸುಚಿತ್ರಾ ಹೊಸ್ತಿಲ ಬಳಿ ನಿಂತಳು. ಅಕ್ಕನಿಗೆ ಎಷ್ಟು ಹೊತ್ತು ಹಾಡಿದ್ದರೆಂದು ಅವಳಿಗೆ ನೆನಪಿತ್ತು ಎಂದು ಕಾಣುತ್ತದೆ. ಸ್ವಲ್ಪ ಕಾದಳು. ಹೊರಗೆ ಹಾರ್ನ್ ಆಯಿತು. "ಇನ್ನೊಂದ್ ನುಡಿ" ಎನ್ನುವವರು ಇರಲಿಲ್ಲ. ಹಿಡಿದು ನಿಲ್ಲಿಸಲು ಏನೂ ಇರಲಿಲ್ಲ. ಹುಡುಗಿ ಹೊಸ್ತಿಲು ದಾಟಿದಳು, ಕಾರಿನ ಬಾಗಿಲು ಹಾಕಿಕೊಂಡಿತು, ನಾವಿನ್ನೂ ಚಪ್ಪರದಲ್ಲಿ ಸರಿಯಾಗಿ ಎದ್ದು ನಿಲ್ಲುವ ಮೊದಲೇ ಹೊರಟುಹೋದಳು.